ಅಮ್ಮ ಮಾತಾಡದ ಸೋಮವಾರಗಳು

ನಮ್ಮ ಮನೆಯಲ್ಲಿ ಯಾರೂ ಯಾರನ್ನೂ ಕೂಗಿ ಕರೆಯುತ್ತಿರಲಿಲ್ಲ. ಊಟ ಸಿದ್ಧವಾಯಿತೆಂದು ತಿಳಿಸಲು ಅಮ್ಮ ಒಲೆ ಆರಿಸಿ, ಕೈ ಒರೆಸಿಕೊಂಡು, ಮೆಟ್ಟಿಲು ಹತ್ತಿ ಬಂದು, ನನ್ನ ಕೋಣೆಯ ಬಾಗಿಲಿನ ಚೌಕಟ್ಟನ್ನು ಬೆರಳ ಗೆಣ್ಣಿನಿಂದ ತಟ್ಟುತ್ತಿದ್ದಳು. ಚಿಕಾಗೋ ಹೊರವಲಯದ ಲಿಸ್ಲ್‌ನ ಆ ಬಡಾವಣೆಯಲ್ಲಿ ಬೇಸಗೆಯ ಸಂಜೆ ಒಂದೊಂದೇ ಹಿಂಬಾಗಿಲು ತೆರೆದುಕೊಳ್ಳುತ್ತಿತ್ತು. ತಾಯಂದಿರು ತಮ್ಮ ಮಕ್ಕಳ ಹೆಸರುಗಳನ್ನು ಹುಲ್ಲಿನ ಮೇಲೆ, ಬೇಲಿಗಳ ಮೇಲೆ, ಕೊಳದ ಬಾತುಕೋಳಿಗಳ ಮೇಲೆ ಹಾಯಿಸಿ ಕೂಗುತ್ತಿದ್ದರು. ಮಕ್ಕಳು ಒಬ್ಬೊಬ್ಬರಾಗಿ ಆಟ ಬಿಟ್ಟು ಓಡುತ್ತಿದ್ದರು. ನನ್ನ ಹೆಸರು ಮಾತ್ರ ಯಾವ ಬಾಗಿಲಿನಿಂದಲೂ ಹೊರಬರುತ್ತಿರಲಿಲ್ಲ. ಧಾರವಾಡದ ಕಡೆಯ ನದಿಯೊಂದರ ಹೆಸರದು, ಶಾಲ್ಮಲಾ. ಕೂಗಿದರೆ ಬಾಯಿ ತೆರೆದೇ ಮುಗಿಯುವ ಹೆಸರು. ಹಾಗೆ ಯಾರಾದರೂ ಒಮ್ಮೆ ಕೂಗಲಿ ಎಂದು ನಾನು ಎಷ್ಟೋ ಸಂಜೆ, ಉಳಿದ ಮಕ್ಕಳೆಲ್ಲ ಹೋದ ಮೇಲೂ, ಕೊಳದ ಬಳಿ ನಿಂತಿದ್ದೇನೆ. ಅಮ್ಮ ಚಪ್ಪಲಿ ಮೆಟ್ಟಿಕೊಂಡು ಹುಲ್ಲು ದಾಟಿ ಬಂದು ಭುಜ ಮುಟ್ಟುತ್ತಿದ್ದಳು. ಅವಳ ಬೆರಳುಗಳಲ್ಲಿ ಕೋಪವಿರುತ್ತಿರಲಿಲ್ಲ, ಭಯವಿರುತ್ತಿತ್ತು. ಮಗು ರಸ್ತೆಗೆ ಓಡಿಬಿಟ್ಟರೆ ಕೂಗಬೇಕಾಗುತ್ತದೆ, ಕೂಗಿದರೆ ಗಂಟಲು ಹೋಗುತ್ತದೆ ಎಂಬ ಭಯ. ಅದು ಅವಳಿಂದ ನನಗೆ ದಾಟಿತು. ಅಂಗಡಿಗಳಲ್ಲಿ ನಾನು ಅವಳ ಕಣ್ಣಳತೆ ಮೀರುತ್ತಿರಲಿಲ್ಲ. ಈಜುಕೊಳದಲ್ಲಿ ಆಳದ ಕಡೆ ಇಳಿಯುತ್ತಿರಲಿಲ್ಲ. ಬಿದ್ದರೂ ಸದ್ದಿಲ್ಲದೆ ಬೀಳುವುದನ್ನು ಕಲಿತಿದ್ದೆ.

ಅಮ್ಮ ನಟಿ. ಇದನ್ನು ಕನ್ನಡದಲ್ಲಿ ಮೊದಲೇ ಹೇಳಿಬಿಡಬೇಕು. ನನ್ನ ಬಾಲ್ಯದುದ್ದಕ್ಕೂ ನಮ್ಮ ಮನೆಯಲ್ಲಿ ಈ ಮಾತನ್ನು ಕನ್ನಡದಲ್ಲಿ ಯಾರೂ ಹೇಳಲಿಲ್ಲ. ಇಂಗ್ಲಿಷಿನಲ್ಲಿ ಅವಳು ನಟಿಯೇ. ಚಿಕಾಗೋದ ನಾಟಕಶಾಲೆಗಳ ಪೋಸ್ಟರುಗಳಲ್ಲಿ ಅವಳ ಮುಖವಿರುತ್ತಿತ್ತು. ಕನ್ನಡದಲ್ಲಿ ಮಾತ್ರ ಅವಳು ಬಸವರಾಜ್ ಅವರ ಮಿಸೆಸ್, ಈವ್ನಿಂಗ್ ಕಾಲೇಜಿನಲ್ಲಿ ಇಂಗ್ಲಿಷ್ ಕಲಿಸುವವರು. ಸುಳ್ಳು ಹೇಳಿದ್ದು ಕನ್ನಡದಲ್ಲಿ. ಆದ್ದರಿಂದ ಉತ್ತರ ಕೇಳುವುದೂ ಕನ್ನಡದಲ್ಲೇ ಆಗಬೇಕು. ಅಜ್ಜಿಯಿಂದ ಅಕ್ಷರ ಕಲಿತು, ಆಮೇಲೆ ವಿಶ್ವವಿದ್ಯಾಲಯದಲ್ಲಿ ಹಟ ಹಿಡಿದು ನಾನು ಈ ಭಾಷೆಯನ್ನು ಓದಿದ್ದು ಬಹುಶಃ ಇದಕ್ಕಾಗಿಯೇ.

ಅವಳು ಹುಟ್ಟಿದ್ದು ಉತ್ತರ ಇಂಗ್ಲೆಂಡಿನ ಬೋಲ್ಟನ್‌ನಲ್ಲಿ, ಮೈಸೂರಿನಿಂದ ಹೋಗಿ ನೆಲೆಸಿದ ಡಾಕ್ಟರೊಬ್ಬರ ಮಗಳಾಗಿ. ಅವಳ ಕನ್ನಡ ಆ ಮನೆಯ ಅಡುಗೆಕೋಣೆಯ ಮೈಸೂರು ಕನ್ನಡ. ಲಂಡನ್ನಿನ ನಟನಾ ಶಾಲೆಯಲ್ಲಿ ಕಲಿತು, ಹಳೆಯ ಪದ್ಯನಾಟಕಗಳನ್ನಷ್ಟೇ ಆಡುತ್ತಿದ್ದ ಅಲೆಮಾರಿ ತಂಡವೊಂದನ್ನು ಸೇರಿದಳು. ವ್ಯಾನಿನಲ್ಲಿ ಊರಿಂದೂರಿಗೆ ಪ್ರಯಾಣ, ಹಂದಿಮಾಂಸ ಹುರಿದ ವಾಸನೆಯ ಬಾಡಿಗೆ ಕೋಣೆಗಳು, ಒದ್ದೆ ಕೋಟುಗಳು. ಅವಳ ಬಣ್ಣಕ್ಕೆ ಅಲ್ಲಿ ಸಿಗುತ್ತಿದ್ದದ್ದು ದಾಸಿಯ ಪಾತ್ರ, ಸುದ್ದಿ ತರುವವಳ ಪಾತ್ರ, ಅಳುವ ಹೆಂಗಸರ ಸಾಲಿನಲ್ಲಿ ಕೊನೆಯವಳ ಪಾತ್ರ. ಒಂದು ಚಳಿಗಾಲ ಸಮುದ್ರತೀರದ ಊರಿನಲ್ಲಿ ರಾಣಿಯ ಪಾತ್ರದವಳಿಗೆ ಜ್ವರ ಬಂತು. ಅಷ್ಟೂ ಸಾಲುಗಳನ್ನು ರಂಗದ ಪಕ್ಕದ ಪರದೆಯ ಕತ್ತಲಲ್ಲಿ ನಿಂತೇ ಬಾಯಿಪಾಠ ಮಾಡಿಕೊಂಡಿದ್ದ ಅಮ್ಮ ಆ ವಾರವಿಡೀ ರಾಣಿಯಾದಳು. ಆಮೇಲೆ ದಾಸಿಯಾಗಲು ಒಪ್ಪಲಿಲ್ಲ. ಕೆಲಸವಿಲ್ಲದೆ ತವರಿಗೆ ಬಂದಿದ್ದಾಗಲೇ ನೆಂಟರ ಮನೆಗೆಂದು ಬಂದ ಅಪ್ಪನ ಪರಿಚಯವಾದದ್ದು. ಗದಗಿನ ಇಂಜಿನಿಯರ್, ಅಮೆರಿಕದಲ್ಲಿ ಕೆಲಸ. ಅಪ್ಪ ಅವಳಿಗೆ ಹೇಳಿದ ಒಂದು ಮಾತನ್ನು ಅಮ್ಮ ನನಗೆ ಎಷ್ಟೋ ಸಲ, ಅವನ ದನಿಯನ್ನೇ ಅನುಕರಿಸಿ, ಆಡಿ ತೋರಿಸಿದ್ದಾಳೆ.

“ಚಿಕಾಗೋದಲ್ಲಿ ಥಿಯೇಟರ್‌ಗಳಿಗೇನು ಕಮ್ಮಿ ನಳಿನಿ? ನೀವು ಬರಬೇಕಷ್ಟೇ.”

ಆ ಮಾತು ಸುಳ್ಳಾಗಿರಲಿಲ್ಲ. ಅವಳು ಬಂದಳು, ಸಣ್ಣ ನಾಟಕಶಾಲೆಗಳಲ್ಲಿ ಶುರುಮಾಡಿ ಮೆಲ್ಲಗೆ ದೊಡ್ಡವುಗಳಿಗೆ ನಡೆದಳು. ಅಭ್ಯಾಸ ನಡೆಯುತ್ತಿದ್ದದ್ದು ನಮ್ಮ ಬೇಸ್‌ಮೆಂಟಿನಲ್ಲಿ, ಬಟ್ಟೆ ಒಗೆಯುವ ಯಂತ್ರಕ್ಕೂ ಮನೆ ಬೆಚ್ಚಗಿಡುವ ಫರ್ನೇಸಿಗೂ ನಡುವಿನ ಜಾಗದಲ್ಲಿ. ತಲೆಯ ಕೆಳಗೊಂದು ಪುಸ್ತಕವಿಟ್ಟುಕೊಂಡು ಅಂಗಾತ ಮಲಗಿ ಉಸಿರನ್ನು ಪಕ್ಕೆಲುಬುಗಳಿಗೆ ತುಂಬಿಕೊಳ್ಳುವಳು. ಆಮೇಲೆ ಎದ್ದು, ಕಾಲು ಅಗಲಿಸಿ ನಿಂತು, ಪದ್ಯದ ಸಾಲನ್ನು ಎದುರಿನ ಸಿಮೆಂಟು ಗೋಡೆಗೆ ಹಾಕಿ ಹಿಂದಕ್ಕೆ ಪಡೆಯುವಳು. ಅದು ಕೂಗಲ್ಲ, ಬಲವಿಲ್ಲದೆಯೇ ದೂರ ಹೋಗುವ ಧ್ವನಿ. ಚಳಿಗಾಲದಲ್ಲಿ ಆ ಧ್ವನಿ ಬಿಸಿಗಾಳಿಯ ಕೊಳವೆಗಳೊಳಗೆ ಹತ್ತಿ, ನನ್ನ ಕೋಣೆಯ ನೆಲದ ಜಾಲರಿಯಿಂದ ಹೊರಗೆ ಬರುತ್ತಿತ್ತು. ನಾನು ಜಾಲರಿಗೆ ಕೆನ್ನೆಯಿಟ್ಟು ಮಲಗಿರುತ್ತಿದ್ದೆ. ಅಮ್ಮನ ಮಾತು ಮತ್ತು ಮನೆಯ ಬಿಸಿ ಎರಡೂ ಒಂದೇ ಕಡೆಯಿಂದ ಬರುತ್ತವೆಂದು ಬಹಳ ಕಾಲ ನಂಬಿದ್ದೆ.

ಅಜ್ಜಿ, ಅಂದರೆ ಅಪ್ಪನ ತಾಯಿ, ನಮ್ಮ ಜೊತೆಯಲ್ಲೇ ಇದ್ದಳು. ಅಡುಗೆಮನೆಯಲ್ಲಿ ಅವಳ ರೊಟ್ಟಿ ಬಡಿಯುವ ಸದ್ದೊಂದಕ್ಕೆ ಮಾತ್ರ ವಿನಾಯಿತಿಯಿತ್ತು. ನಾಟಕವಿರುವ ದಿನಗಳಲ್ಲಿ ಅಮ್ಮ ಮೊಸರು ಮುಟ್ಟುವಂತಿಲ್ಲ, ಖಾರ ತಿನ್ನುವಂತಿಲ್ಲ. ಕರಿದದ್ದರ ಹೊಗೆ ಕೂಡ ಅವಳ ಗಂಟಲಿಗೆ ಆಗದು. ಕೆಂಪು ಚಟ್ನಿಯಿಲ್ಲದ ತಟ್ಟೆಯನ್ನು ತಟ್ಟೆಯೆಂದೇ ಒಪ್ಪದ ಅಜ್ಜಿಗೆ ಇದು ದಿನದಿನದ ಅವಮಾನ.

“ಮಸರಿಲ್ಲ, ಖಾರಿಲ್ಲ, ಕರದದ್ದಿಲ್ಲ. ಹಂಗಾರ ಏನ್ ತಿಂದು ಬದುಕ್ತಾಳ ನಿಮ್ಮವ್ವ? ಗಾಳಿ?”

ಹೀಗೆಂದು ನನ್ನನ್ನು ಕೇಳಿ, ಉತ್ತರಕ್ಕೆ ಕಾಯದೆ ಜೀರಿಗೆ ಹಾಕಿದ ನುಚ್ಚಿನ ಗಂಜಿ ಕಾಯಿಸಿ, ಅಮ್ಮನ ಮುಂದೆ ಕುಕ್ಕಿ ಹೋಗುವಳು. ಗಂಜಿ ಯಾವತ್ತೂ ಹದವಾಗಿ ಬೆಚ್ಚಗಿರುತ್ತಿತ್ತು, ಗಂಟಲು ಸುಡದಷ್ಟು.

ಸೋಮವಾರ ನಾಟಕಶಾಲೆಗಳಿಗೆ ರಜೆ. ಅಮ್ಮನ ಧ್ವನಿತಂತುಗಳಲ್ಲಿ ಸಣ್ಣ ಗಂಟು ಕಾಣಿಸಿಕೊಂಡ ಮೇಲೆ, ವಾರಕ್ಕೊಂದು ದಿನ ಪೂರ್ತಿ ಸುಮ್ಮನಿರದಿದ್ದರೆ ಧ್ವನಿಯೇ ಹೋದೀತೆಂದು ಡಾಕ್ಟರು ಹೇಳಿದ್ದರು. ಪಿಸುಮಾತೂ ಕೂಡದು, ಪಿಸುಮಾತು ಗಂಟಲನ್ನು ಇನ್ನೂ ಹೆಚ್ಚು ಉಜ್ಜುತ್ತದಂತೆ. ಹಾಗಾಗಿ ಸೋಮವಾರ ಅಮ್ಮ ಬಿಸಿನೀರಿನ ಹಬೆ ತೆಗೆದುಕೊಂಡು, ಕೊರಳಿಗೆ ಉಣ್ಣೆಯ ಮಫ್ಲರ್ ಸುತ್ತಿ, ಮಕ್ಕಳ ಆಟದ ಸ್ಲೇಟೊಂದನ್ನು ಹಿಡಿದು ಓಡಾಡುತ್ತಿದ್ದಳು. ಮೇಲಿನ ಹಾಳೆ ಎತ್ತಿದರೆ ಬರೆದದ್ದೆಲ್ಲ ಅಳಿಸಿಹೋಗುವ ಸ್ಲೇಟು. ನಾನು ಅದನ್ನು ಓದಿ ಉಳಿದವರಿಗೆ ಹೇಳುತ್ತಿದ್ದೆ. ಹಾಲು ತರಬೇಕು. ಶಾಲೂಗೆ ಟೋಪಿ. ಬಾಗಿಲು ನಿಧಾನ. ಆ ದಿನ ಬೆಳಿಗ್ಗೆಯಿಂದಲೇ ನಾನು ಅವಳ ಹಿಂದೆ ಹಿಂದೆಯೇ ಓಡಾಡುತ್ತಿದ್ದೆ. ಪಾತ್ರೆ ಬಿದ್ದು ಅವಳು ಬೆಚ್ಚಿ ಕೂಗಿಬಿಟ್ಟರೆ? ಬೆಂಕಿ ಹತ್ತಿದರೆ? ಯಾರಾದರೂ ಅವಳನ್ನು ಮಾತಾಡಿಸಿದರೆ?

ಮಾತಾಡಿಸಿದರು. ಅಂಥದೊಂದು ಸೋಮವಾರ ಸರೋಜಾ ಆಂಟಿಯ ಫೋನ್ ಬಂತು. ಪಕ್ಕದ ನೇಪರ್‌ವಿಲ್‌ನ ಅವರು ನಮ್ಮ ಕಡೆಯ ಕನ್ನಡದ ಮನೆಗಳಿಗೆಲ್ಲ ಹಿರಿಯಕ್ಕನಂತಿದ್ದರು. ಅವರಿಗೆ ತಿಳಿದದ್ದು ಹೆದ್ದಾರಿಯ ಮೂರು ಎಕ್ಸಿಟ್ ಆಚೆಗೂ ತಿಳಿಯುತ್ತಿತ್ತು. ಫೋನ್ ಎತ್ತಿದವನು ಅಪ್ಪ. ಅವರ ದನಿ ಸ್ಪೀಕರ್ ಇಲ್ಲದೆಯೂ ಕೋಣೆಗೆಲ್ಲ ಕೇಳುತ್ತಿತ್ತು.

“ನಳಿನಿಗೆ ಕೊಡಿ ಬಸವರಾಜ್. ಅರಿಶಿನ ಕುಂಕುಮಕ್ಕೆ ಕರೀಬೇಕು.”

“ಅವಳು ಸೋಮವಾರ ಮಾತಾಡಲ್ಲ, ಸರೋಜಾ ಅವರೇ.”

“ಮಾತಾಡಲ್ಲ ಅಂದ್ರೆ? ಮೌನವ್ರತಾನಾ?”

ಅಪ್ಪ ನನ್ನ ಮುಖ ನೋಡಿದ, ಅಮ್ಮನ ಮುಖ ನೋಡಲಿಲ್ಲ.

“ಹೂಂ. ಹಾಗೇ ಅನ್ಕೊಳ್ಳಿ.”

“ಅಯ್ಯೋ ದೇವರೇ! ಇಂಗ್ಲೆಂಡಲ್ಲಿ ಹುಟ್ಟಿ ಬೆಳೆದವಳು! ನಾವೂ ಇದೀವಿ, ಸೋಮವಾರ ಒಂದು ಈರುಳ್ಳಿ ಬಿಡಕ್ಕಾಗಲ್ಲ!”

ಸೋಮವಾರ ಶಿವನ ದಿನವಾದದ್ದು ಅಪ್ಪನ ಅದೃಷ್ಟ, ಅಮ್ಮನ ದುರದೃಷ್ಟ. ಮುಂದಿನ ವಾರ ಸರೋಜಾ ಆಂಟಿ ಇಬ್ಬರನ್ನು ಕರೆದುಕೊಂಡು, ಹೂವು ತೆಂಗಿನಕಾಯಿ ಹಿಡಿದು, ವ್ರತದವಳ ದರ್ಶನಕ್ಕೆ ಬಂದರು. ಸೋಫಾದ ಮೇಲೆ ಮಫ್ಲರ್ ಸುತ್ತಿಕೊಂಡು ಕೂತಿದ್ದ ಅಮ್ಮನ ಕಾಲು ಮುಟ್ಟಲು ಬಗ್ಗಿದರು. ಅಮ್ಮ ಗಾಬರಿಯಿಂದ ಕಾಲು ಹಿಂದೆಗೆದುಕೊಂಡು, ಸ್ಲೇಟಿನ ಮೇಲೆ ‘ಇವರಿಗೆ ನಿಜ ಹೇಳು’ ಎಂದು ಇಂಗ್ಲಿಷಿನಲ್ಲಿ ಬರೆದು ಅಪ್ಪನ ಕಡೆ ಹಿಡಿದಳು. ಅಪ್ಪ ಅದನ್ನು ತೆಗೆದುಕೊಂಡ; ನಗುತ್ತಲೇ, ಅತಿಥಿಗಳ ಕಡೆ ನೋಡುತ್ತಲೇ, ಹಾಳೆ ಎತ್ತಿದ. ಆ ಹಾಳೆ ಅಂಟು ಬಿಡುವ ಸದ್ದು ನನಗೆ ಈಗಲೂ ಕೇಳುತ್ತದೆ. ಆಮೇಲೆ ಸೋಮವಾರಗಳಲ್ಲಿ ಆಂಟಿಯರು ಬರುತ್ತಲೇ ಇದ್ದರು. ಮಗಳಿಗೆ ಗಂಡು ಸಿಗಲೆಂದು ಒಬ್ಬರು, ವೀಸಾ ಬರಲೆಂದು ಒಬ್ಬರು. ಸರೋಜಾ ಆಂಟಿ ತಮ್ಮ ಮೊಮ್ಮಗನನ್ನು, ವಯಸ್ಸಾದರೂ ಮಾತು ಬಾರದಿದ್ದ ಆ ಕೂಸನ್ನು, ತಂದು ಅಮ್ಮನ ಮಡಿಲಲ್ಲಿ ಕೂರಿಸಿದರು. ಅಮ್ಮ ಅದರ ತಲೆ ಸವರಿದಳು. ಬೇರೆ ಏನು ಮಾಡಿಯಾಳು? ಅವಳ ಎಲ್ಲ ಪಾತ್ರಗಳಲ್ಲಿ ಅತಿ ಹೆಚ್ಚು ಕಾಲ ನಡೆದದ್ದು ಇದು. ನಮ್ಮ ಲಿವಿಂಗ್ ರೂಮಿನಲ್ಲಿ, ಒಂದೂ ಮಾತಿಲ್ಲದೆ. ಬಾಯಿ ಮುಚ್ಚಿದ ಹೆಂಗಸಿನ ಕಾಲಿಗೆ ಬೀಳಲು ಇಪ್ಪತ್ತು ಮೈಲಿ ಡ್ರೈವ್ ಮಾಡಿಕೊಂಡು ಬಂದವರಲ್ಲಿ ಒಬ್ಬರಾದರೂ, ಉಳಿದ ದಿನಗಳಲ್ಲಿ ಅವಳು ಏನು ಮಾತಾಡುತ್ತಾಳೆಂದು ಕೇಳಲಿಲ್ಲ.

ಅಪ್ಪ ಕೆಟ್ಟವನಲ್ಲ. ಪ್ರತಿ ಬೆಳಿಗ್ಗೆ ಅವಳಿಗೆ ಉಪ್ಪುನೀರು ಬಿಸಿಮಾಡಿ ಕೊಡುತ್ತಿದ್ದವನು ಅವನೇ. ಹಿಮ ಬಿದ್ದ ದಿನ ಮೊದಲೇ ಕಾರು ಚಾಲೂ ಮಾಡಿ ಸೀಟು ಬೆಚ್ಚಗಾಗಿಸಿಡುತ್ತಿದ್ದವನೂ ಅವನೇ. ಅದಕ್ಕಾಗಿಯೇ ಮುಂದಿನ ಸಂಗತಿಯನ್ನು ಅರ್ಥಮಾಡಿಕೊಳ್ಳಲು ನನಗೆ ಇಷ್ಟು ವರ್ಷ ಬೇಕಾಯಿತು. ನಮ್ಮ ಮನೆಯ ದೊಡ್ಡ ನಿರ್ಧಾರಗಳೆಲ್ಲ ಸೋಮವಾರವೇ ಆದವು. ಬೇಸಗೆಯಲ್ಲಿ ಬೋಲ್ಟನ್‌ಗೆ ಹೋಗುವುದು ಬೇಡವೆಂದು ಅಪ್ಪ ಹೇಳಿದ್ದು ಸೋಮವಾರದ ತಿಂಡಿಯ ಹೊತ್ತಿನಲ್ಲಿ. ನನ್ನನ್ನು ಶಾಲೆಯ ನಾಟಕದಿಂದ ಬಿಡಿಸಿ ಗಣಿತದ ಕ್ಲಾಸಿಗೆ ಹಾಕಿದ್ದು ಸೋಮವಾರ. ಅಮ್ಮ ಸ್ಲೇಟಿನ ಮೇಲೆ ಬರೆಯತೊಡಗಿದರೆ, ಅವಳು ಎರಡು ಪದ ಮುಗಿಸುವಷ್ಟರಲ್ಲಿ ಅಪ್ಪ ಕಾರಿನ ಕೀಲಿ ಎತ್ತಿಕೊಂಡಿರುತ್ತಿದ್ದ. ನಾಳೆ ಮಾತಾಡೋಣ ಎನ್ನುತ್ತಿದ್ದ. ಮಂಗಳವಾರ ಬರುವ ಹೊತ್ತಿಗೆ ಆಗಬೇಕಾದದ್ದು ಆಗಿರುತ್ತಿತ್ತು. ಅಮ್ಮ ಸಂಜೆಯ ಪ್ರದರ್ಶನಕ್ಕೆ ಧ್ವನಿ ಉಳಿಸಿಕೊಳ್ಳಬೇಕಿರುತ್ತಿತ್ತು. ಜಗಳಕ್ಕೆ ಧ್ವನಿ ಬೇಕು. ಅವಳ ಹತ್ತಿರ ಎರಡಕ್ಕಾಗುವಷ್ಟು ಇರಲಿಲ್ಲ.

ನಾನು ಐದನೇ ತರಗತಿ ಮುಗಿಸಿದ ಬೇಸಗೆಯಲ್ಲಿ ಅಮ್ಮನಿಗೆ ರಾಣಿಯ ಪಾತ್ರ ಸಿಕ್ಕಿತು. ಈ ಸಲ ಯಾರ ಜ್ವರದ ದಯೆಯಿಂದಲೂ ಅಲ್ಲ. ಚಿಕಾಗೋದ ದೊಡ್ಡ ನಾಟಕಶಾಲೆ. ಊರು ಸೋತು, ಮಗನನ್ನು ಕಳೆದುಕೊಂಡ ರಾಣಿ. ಮನೆಯಲ್ಲಿ ಆತಂಕ ಇಮ್ಮಡಿಯಾಯಿತು. ಅಮ್ಮ ಹಬೆಯ ಪಾತ್ರೆಯ ಮುಂದೆ ಟವೆಲು ಹೊದ್ದು ಕೂರುವ ಹೊತ್ತು ಹೆಚ್ಚಿತು. ಜಾಲರಿಯಿಂದ ಬರುವ ಧ್ವನಿಯಲ್ಲಿ ಎಲ್ಲಾದರೂ ಬಿರುಕಿದೆಯೇ ಎಂದು ನಾನು ಕಿವಿಗೊಟ್ಟು ಹುಡುಕುತ್ತಿದ್ದೆ. ಅಪ್ಪನ ಭಯ ಬೇರೆ. ಒಂದು ಶನಿವಾರ ಚಿಕಾಗೋದ ಇಂಡಿಯನ್ ಅಂಗಡಿಗಳ ಬೀದಿಯಾದ ಡೆವನ್ ಅವೆನ್ಯೂಗೆ ಅಕ್ಕಿ, ಬೇಳೆ, ಜೋಳದ ಹಿಟ್ಟು ತರಲು ಹೋಗಿದ್ದೆವು. ಅಮ್ಮ ರಿಹರ್ಸಲ್‌ಗೆ ಹೋಗಿದ್ದಳು. ಜಾಗ ಸಿಗದೆ ಎರಡು ಬೀದಿ ಆಚೆ ನಿಲ್ಲಿಸಿದ್ದ ಕಾರಿನತ್ತ ಸಾಮಾನು ಹೊತ್ತು ನಡೆಯುತ್ತಿದ್ದಾಗ, ಬಸ್‌ಸ್ಟಾಪಿನ ಗಾಜಿನ ಗೋಡೆಯ ತುಂಬ, ನಾಟಕದ ಪೋಸ್ಟರಿನಲ್ಲಿ, ಅಮ್ಮ ಇದ್ದಳು. ಕೆದರಿದ ಕೂದಲು, ಬೂದಿ ಬಳಿದ ಕೆನ್ನೆ, ತೆರೆದ ಬಾಯಿ. ಸೀರೆಯಂಗಡಿಗಳಿಂದ ಹೊರಬಂದ ಹೆಂಗಸರು ಅವಳ ಮುಂದೆಯೇ ಬಸ್ಸಿಗೆ ಕಾಯುತ್ತಿದ್ದರು. ಅಪ್ಪ ಹೆಗಲ ಮೇಲಿನ ಅಕ್ಕಿಮೂಟೆಯ ಸಮೇತ ಹೋಗಿ ಆ ಗಾಜಿಗೆ ಬೆನ್ನು ಕೊಟ್ಟು ನಿಂತುಬಿಟ್ಟ.

“ಬಸ್ಯಾ, ಯಾಕೋ ಅಲ್ಲೆ ನಿಂತಿ? ಬಸ್ಸಿಗೆ ಕಾಯಾಕತ್ತೀಯೇನು? ಕಾರು ಆ ಕಡೆ ಐತಿ” ಎಂದಳು ಅಜ್ಜಿ.

“ಬೆನ್ನು ಹಿಡಿದೈತವಾ. ನೀವು ಮುಂದ ನಡೀರಿ.”

ಅಜ್ಜಿ ಮುಂದೆ ನಡೆದಳು. ಮನೆಗೆ ಬಂದು ಹಿಟ್ಟು ಡಬ್ಬಿಗೆ ಸುರಿಯುವಾಗ, ನನ್ನ ಕಡೆ ನೋಡದೆ ಮಾತು ತೆಗೆದಳು.

“ಬೆನ್ನಿಲೆ ಎಷ್ಟ್ ಮುಚ್ಚಾಕ ಬರ್ತದವಾ? ಕಿವಿ ಕಂಡ್ವು, ಕೂದಲಾ ಕಂಡ್ವು. ನಿಮ್ಮವ್ವ ಭಾರಿ ಚಂದ ಕಾಣಸ್ತಿದ್ಲು.”

ಅಂದು ಅವಳು ನನಗೆ ಹೇಳಿದ್ದು ಇಷ್ಟು. ಅಪ್ಪ ಸಣ್ಣವನಿದ್ದಾಗ ಅವರ ಓಣಿಯಲ್ಲಿ ನಾಟಕ ಕಂಪನಿಯ ಹೆಂಗಸೊಬ್ಬಳು ಬಾಡಿಗೆಗಿದ್ದಳು. ಓಣಿಯ ಯಾವ ಮನೆಯವರೂ ಅವಳನ್ನು ಅರಿಶಿನ ಕುಂಕುಮಕ್ಕೆ ಕರೆಯುತ್ತಿರಲಿಲ್ಲ. ಅವಳ ನಾಟಕಕ್ಕೆ ಮಾತ್ರ ಎಲ್ಲರೂ ಹೋಗುತ್ತಿದ್ದರು. ಅವಳು ಕೊಟ್ಟ ಬೆಲ್ಲದ ಉಂಡೆಯನ್ನು ಅಪ್ಪ ಒಮ್ಮೆ ತಿಂದು ಬಂದನಂತೆ.

“ಅದಕ್ಕ ನಿಮ್ಮಪ್ಪಗ ಹೊಡದವರು ಯಾರಂತಿ? ನಾನ. ಒಲಿ ಮುಂದಿನ ಕಟಿಗಿ ತಗೊಂಡು ಹೊಡದೆ. ಆ ಹೊಡತಾ ಇನ್ನೂ ಅವನ ಮೈಯಾಗ ಐತಿ, ನೋಡು.”

ಇದನ್ನು ಕೇಳಿ ನನಗೆ ಅಪ್ಪನ ಮೇಲೆ ಕನಿಕರ ಬಂದದ್ದುಂಟು. ಕನಿಕರ ಬಂದಿತೆಂದು ಪ್ರಶ್ನೆ ಬಿಡಬೇಕೆ? ಮಗುವಿದ್ದಾಗ ತಿಂದ ಏಟನ್ನು ದೊಡ್ಡವನಾಗಿ ಹೆಂಡತಿಯ ಬಾಯಿಗೆ ಬೀಗವಾಗಿಸಿದವನು ಅದಕ್ಕೆ ಉತ್ತರ ಹೇಳಲೇಬೇಕು.

ಶ್ರಾವಣ ಬಂತು. ಗುರುವಾರ ನಾಟಕದ ಮೊದಲ ಪ್ರದರ್ಶನ. ಅದಕ್ಕೆ ಮುಂಚಿನ ಸೋಮವಾರ ಮಧ್ಯಾಹ್ನ, ವ್ರತದವಳ ಮನೆಯಲ್ಲೇ ಶ್ರಾವಣ ಸೋಮವಾರದ ಪೂಜೆಯಾಗಲೆಂದು ಸರೋಜಾ ಆಂಟಿ ಅಪ್ಪನೊಡನೆ ಮಾತಾಡಿ ಗೊತ್ತುಮಾಡಿದ್ದರು. ಲಿವಿಂಗ್ ರೂಮು ರೇಷ್ಮೆ ಸೀರೆಗಳಿಂದ, ಮೆಟ್ಟಿಲ ಬುಡ ಚಪ್ಪಲಿಗಳಿಂದ ತುಂಬಿತ್ತು. ಊದುಬತ್ತಿಯ ಹೊಗೆ ಅಮ್ಮನ ಗಂಟಲಿಗೆ ತಾಕದಿರಲೆಂದು ನಾನು ಕಿಟಕಿ ತೆರೆಯುತ್ತಿದ್ದೆ, ಎ.ಸಿ. ಹೋಗುತ್ತದೆಂದು ಯಾರೋ ಮುಚ್ಚುತ್ತಿದ್ದರು. ಮಂಗಳಾರತಿಯಾದ ಮೇಲೆ ಅಪ್ಪ ಗಂಟಲು ಸರಿಮಾಡಿಕೊಂಡ.

“ಎಲ್ಲರೂ ಇದೀರಿ, ಒಂದು ಸಿಹಿ ಸುದ್ದಿ. ಸೌತ್‌ಫೀಲ್ಡ್‌ಗೆ ಟ್ರಾನ್ಸ್‌ಫರ್ ಆಗಿದೆ, ಪ್ರಮೋಷನ್ ಮೇಲೆ. ಈ ತಿಂಗಳ ಕೊನೇಲಿ ಹೊರಡ್ತೀವಿ. ಅಲ್ಲಿ ಮನೆ ನೋಡಾಯ್ತು, ಶಾಲೂಗೆ ಸ್ಕೂಲಲ್ಲೂ ಸೇರಿಸಾಯ್ತು. ಈ ಮನೆಯ ಓನರ್‌ಗೂ ಹೇಳಾಯ್ತು.”

“ಕಂಗ್ರಾಟ್ಸ್ ಬಸವರಾಜ್!” ಸರೋಜಾ ಆಂಟಿ ಅಮ್ಮನ ಕೈ ಹಿಡಿದುಕೊಂಡರು. “ನಳಿನಿ, ಇದೆಲ್ಲ ನಿನ್ನ ವ್ರತದ ಫಲ ಕಣಮ್ಮ!”

ಎಲ್ಲರೂ ಅಮ್ಮನ ಕಡೆ ತಿರುಗಿದರು. ಅವಳ ಮುಖದಲ್ಲಿ ಏನೂ ಇರಲಿಲ್ಲ. ಎಷ್ಟು ಶಾಂತವಾಗಿ ಕೂತಿದಾರೆ ನೋಡಿ ಎಂದು ಯಾರೋ ಮೆಚ್ಚಿಕೊಂಡರು. ನಾಟಕ ಶುರುವಾಗುವ ವಾರದಲ್ಲೇ, ಅವಳು ಮುನ್ನೂರು ಮೈಲಿ ಆಚೆಯ ಊರಿಗೆ ಹೊರಡುವುದು ನಿಶ್ಚಯವಾಗಿಹೋಗಿತ್ತು. ಅದು ಅವಳಿಗೆ ತಿಳಿದದ್ದು ಉಳಿದೆಲ್ಲರಿಗೆ ತಿಳಿದ ಹೊತ್ತಿನಲ್ಲೇ. ಸ್ಲೇಟು ಸೋಫಾದ ತೋಳಿನ ಮೇಲಿತ್ತು. ಅಪ್ಪನ ಕೈಯೂ ಅಲ್ಲೇ ಇತ್ತು.

“ಶಾಲೂ, ಅಮ್ಮಂಗೆ ಖುಷಿಯಾಗಿದೆ ಅಂತ ಆಂಟಿಗೆ ಹೇಳು” ಎಂದ ಅಪ್ಪ.

“ನೋ, ಶೀ ಈಸ್ ನಾಟ್ ಹ್ಯಾಪಿ” ಎಂದೆ. ನನ್ನ ದನಿ ಎಷ್ಟು ಸಣ್ಣಗಿತ್ತೆಂದರೆ ನಗು ಮುಂದುವರಿಯಿತು.

ಆಗ ಅಮ್ಮ ಎದ್ದು ನಿಂತಳು. ಸ್ಲೇಟನ್ನು ಮುಟ್ಟಲಿಲ್ಲ. ಕೊರಳಿನ ಮಫ್ಲರ್ ಬಿಚ್ಚಿ ನನ್ನ ಕೈಗೆ ಕೊಟ್ಟಳು. ಕಾಲುಗಳು ಅಗಲವಾದವು, ಪಕ್ಕೆಲುಬುಗಳು ತೆರೆದವು. ಬೇಸ್‌ಮೆಂಟಿನಲ್ಲಿ ಅದನ್ನು ಎಷ್ಟೋ ಸಲ ನೋಡಿದ್ದ ನನಗೆ ಮಾತ್ರ ಏನಾಗಲಿದೆಯೆಂದು ಗೊತ್ತಿತ್ತು. ಬೇಡ, ಗುರುವಾರ ಇದೆ, ಬೇಡ ಎಂದು ನಾನು ಒಳಗೇ ಬೇಡಿಕೊಳ್ಳುತ್ತಿದ್ದೆ.

“ಇದು ವ್ರತ ಅಲ್ಲ.”

ಅವಳು ಕೂಗಲಿಲ್ಲ. ಆದರೂ ಅಡುಗೆಮನೆಯಲ್ಲಿ ಕೋಸಂಬರಿ ಬಡಿಸುತ್ತಿದ್ದವರು ಸೌಟು ಹಿಡಿದೇ ಹೊರಗೆ ಬಂದರು.

“ನಾನು ಯಾವ ದೇವರಿಗೂ ಮೌನ ಹೊತ್ತಿಲ್ಲ. ನಾನು ನಾಟಕದವಳು. ಮದುವೆಗೆ ಮುಂಚೆಯಿಂದ ನಾಟಕದವಳು. ಗುರುವಾರ ನನ್ನ ನಾಟಕ ಶುರುವಾಗುತ್ತೆ. ಗಂಟಲು ಉಳೀಲಿ ಅಂತ ಸೋಮವಾರ ಸುಮ್ಮನಿದ್ದೆ. ಸುಮ್ಮನಿದ್ದದ್ದನ್ನ ನೀನು ಒಪ್ಪಿಗೆ ಅಂತ ತಗೊಂಡೆ. ನಾನು ಒಪ್ಪಿಲ್ಲ, ರಾಜ್. ನಾನು ಒಪ್ಪಿಲ್ಲ.”

ಸರೋಜಾ ಆಂಟಿ ಒಂದು ಹೆಜ್ಜೆ ಹಿಂದೆ ಸರಿದರು.

“ಹಾಗಾದ್ರೆ ನಾನು ಮಗೂನ ತಂದು ನಿನ್ನ ಮಡಿಲಲ್ಲಿ ಹಾಕಿದ್ದು? ಬಸವರಾಜ್, ನೀವೇ ತಾನೇ ವ್ರತ ಅಂದದ್ದು?”

ಉತ್ತರ ಬಂದದ್ದು ಮೂಲೆಯ ಕುರ್ಚಿಯಲ್ಲಿದ್ದ ಅಜ್ಜಿಯಿಂದ.

“ಯಾವ ವ್ರತನವಾ ತಂಗಿ? ವ್ರತ ಮಾಡಾಕಿ ದಿನಾ ಉಪ್ಪುನೀರು ಹಾಕ್ಕೊಂಡು ಗುಳುಗುಳು ಅಂತಾಳೇನು? ನನಗ ಮೊದಲ ಗೊತ್ತಿತ್ತು. ಗೊತ್ತಿದ್ದೂ ಬಾಯಿ ಮುಚಗೊಂಡು ಕುಂತೆ, ಅದು ನನ್ನ ತಪ್ಪು. ನಾಟಕ ನೋಡಾಕ ಬರ್ರಿ ಎಲ್ಲಾರೂ. ಈಗ ಪ್ರಸಾದ ತಗೋರಿ.”

ಪ್ರಸಾದ ತೆಗೆದುಕೊಂಡವರು ಕಡಿಮೆ. ಚಪ್ಪಲಿಗಳು ಬೇಗ ಖಾಲಿಯಾದವು. ಮರ್ಯಾದೆ ತೆಗೆದೆ ಎಂದು ಅಪ್ಪ ಅಡುಗೆಮನೆಯಲ್ಲಿ ಹೇಳುತ್ತಿದ್ದಾಗ ಅಮ್ಮ ಮತ್ತೆ ಮಾತು ನಿಲ್ಲಿಸಿಯಾಗಿತ್ತು. ಬೆರಳುಗಳಿಂದ ಗಂಟಲನ್ನು ಮುಟ್ಟಿ ಮುಟ್ಟಿ ನೋಡಿಕೊಳ್ಳುತ್ತಿದ್ದಳು. ನಾನು ಮಫ್ಲರ್ ತಂದುಕೊಟ್ಟೆ.

ಗಂಟಲು ಹೋಗಲಿಲ್ಲ. ಭಾನುವಾರ ಮಧ್ಯಾಹ್ನದ ಆಟಕ್ಕೆ ಅಪ್ಪ ನನ್ನನ್ನೂ ಅಜ್ಜಿಯನ್ನೂ ಕಾರಿನಲ್ಲಿ ಕರೆದೊಯ್ದು ನಾಟಕಶಾಲೆಯ ಬಾಗಿಲಲ್ಲಿ ಇಳಿಸಿ, ತಾನು ಪಾರ್ಕಿಂಗ್‌ನಲ್ಲಿ ಕಾರಿನೊಳಗೇ ಕೂತ. ಲಾಬಿಯಲ್ಲಿ ಸರೋಜಾ ಆಂಟಿ ಒಬ್ಬರೇ ನಿಂತಿದ್ದರು, ಸೀರೆಯ ಮೇಲೆ ಮೊಣಕಾಲಿನವರೆಗಿನ ಕೋಟು ಹಾಕಿಕೊಂಡು, ಆಗಸ್ಟಿನ ಸೆಕೆಯಲ್ಲಿ. ನನ್ನನ್ನು ಕಂಡು ತುಟಿಯ ಮೇಲೆ ಬೆರಳಿಟ್ಟರು. “ನಾನು ಬಂದದ್ದು ಯಾರಿಗೂ ಹೇಳ್ಬೇಡ ಪುಟ್ಟಾ.” ಗದಗಿನ ಓಣಿಯ ಹೆಂಗಸರು ಆ ಬಾಡಿಗೆಯವಳ ನಾಟಕಕ್ಕೆ ಹೋಗುತ್ತಿದ್ದದ್ದೂ ಹೀಗೆಯೇ ಇರಬೇಕು.

ನಾಟಕದ ಇಂಗ್ಲಿಷು ಹಳೆಯದು. ನನಗೆ ಅರ್ಧವೂ ತಿಳಿಯಲಿಲ್ಲ. ಎರಡನೇ ಅಂಕದ ಕೊನೆಗೆ ರಾಣಿ ಸುಟ್ಟ ಊರಿನ ನಡುವೆ ನಿಂತು, ಕಳೆದುಹೋದ ತನ್ನ ಮಗನನ್ನು ಹೆಸರು ಹಿಡಿದು ಕೂಗಿದಳು. ಆ ಕೂಗು ನಮ್ಮ ತಲೆಗಳ ಮೇಲೆ ಹಾಯ್ದು, ಬಾಲ್ಕನಿಯ ಹಿಂದಿನ ಗೋಡೆ ಮುಟ್ಟಿ, ಅಲ್ಲಿಂದ ತಿರುಗಿ ಬಂತು. ಅಜ್ಜಿ ಸೆರಗಿನಿಂದ ಬಾಯಿ ಮುಚ್ಚಿಕೊಂಡಳು. ನಾನು ಅಳಲಿಲ್ಲ. ನನಗೆ ಹೊಟ್ಟೆಕಿಚ್ಚಾಗಿತ್ತು. ಅಮ್ಮ ಒಂದು ಮಗುವನ್ನು ಕೂಗಿ ಕರೆದದ್ದನ್ನು ನಾನು ಕೇಳಿದ್ದು ಅದೇ ಮೊದಲು, ಮತ್ತು ಆ ಮಗು ನಾನಾಗಿರಲಿಲ್ಲ.

ತಿಂಗಳ ಕೊನೆಗೆ ನಾವು ಮೂವರು ಸೌತ್‌ಫೀಲ್ಡ್‌ಗೆ ಹೋದೆವು. ಮನೆ ಬಿಟ್ಟಾಗಿತ್ತು, ಶಾಲೆ ಶುರುವಾಗಲಿತ್ತು. ಒಪ್ಪಿಲ್ಲವೆಂದಿದ್ದ ಅಮ್ಮ ಚಿಕಾಗೋದಲ್ಲೇ ಉಳಿದಳು, ಜೊತೆಯ ನಟಿಯೊಬ್ಬಳ ಮನೆಯ ಒಂದು ಕೋಣೆಯಲ್ಲಿ. ಭಾನುವಾರ ಮಧ್ಯಾಹ್ನದ ಆಟ ಮುಗಿದ ಕೂಡಲೇ ಕಾರು ಹತ್ತಿ, ಚಿಕಾಗೋ ಮಗ್ಗುಲಿನ ದೊಡ್ಡ ಸರೋವರದ ಕೆಳಗಂಚು ಬಳಸಿ, ಮುನ್ನೂರು ಮೈಲಿಯಷ್ಟು ಓಡಿಸಿಕೊಂಡು ನಮ್ಮಲ್ಲಿಗೆ ಬರುತ್ತಿದ್ದಳು. ಮಂಗಳವಾರ ನಾನು ಶಾಲೆಯ ಬಸ್ಸು ಹತ್ತುವ ಮೊದಲೇ ಹೊರಟುಹೋಗಿರುತ್ತಿದ್ದಳು. ಅಂದರೆ ನಮಗೆ ಅವಳು ಸಿಗುತ್ತಿದ್ದದ್ದು ಸೋಮವಾರ, ಅವಳು ಮಾತಾಡಬಾರದ ದಿನ. ಶಾಲೆಯಿಂದ ಬಂದ ನಾನು ಅವಳ ಪಕ್ಕ ಕೂತು ವಾರದ್ದನ್ನೆಲ್ಲ ಹೇಳುತ್ತಿದ್ದೆ. ಅವಳು ನನ್ನ ಜಡೆ ಬಿಚ್ಚಿ ಮತ್ತೆ ಹೆಣೆಯುತ್ತಿದ್ದಳು. ಅವಳು ಮಾತಾಡಲೆಂದು ಆಸೆಪಡುತ್ತಿದ್ದೆ, ಮಾತಾಡಿಬಿಟ್ಟರೆ ಎಂದು ಹೆದರುತ್ತಿದ್ದೆ. ನಾಟಕಕ್ಕೆ ಜನ ಬರುತ್ತಿದ್ದುದರಿಂದ ಪ್ರದರ್ಶನಗಳನ್ನು ಮುಂದುವರಿಸಿದರು. ಎಲೆ ಉದುರಿ, ಮೊದಲ ಹಿಮ ಬಿದ್ದಾಗ ನಾಟಕ ಮುಗಿಯಿತು. ಮುಂದಿನ ಸೀಸನ್ನಿಗೂ ಕರೆ ಬಂದಿತ್ತು, ಅದಕ್ಕಿಂತ ದೊಡ್ಡ ಪಾತ್ರಕ್ಕೆ. ಹಿಮದಲ್ಲಿ ಆ ದಾರಿ, ಮಾತಿಲ್ಲದ ಆ ಒಂದು ದಿನ, ನನ್ನ ಜಡೆ: ಇವನ್ನೆಲ್ಲ ಅವಳು ಹೇಗೆ ತೂಗಿದಳೋ ನನಗೆ ಗೊತ್ತಿಲ್ಲ. ಆಗುವುದಿಲ್ಲವೆಂದು ತಿಳಿಸಿ, ಪೆಟ್ಟಿಗೆಗಳೊಂದಿಗೆ ಸೌತ್‌ಫೀಲ್ಡ್‌ಗೆ ಬಂದಳು. ಮತ್ತೆ ರಂಗ ಹತ್ತಲಿಲ್ಲ.

ಕಳೆದ ಬೇಸಗೆಯಲ್ಲಿ ಅದೇ ಮನೆಯ ಹಿತ್ತಿಲಿನ ಮರದ ಡೆಕ್ಕಿನ ಮೇಲೆ ಕೂತು ಅಪ್ಪನನ್ನು ನೇರವಾಗಿ ಕೇಳಿದೆ. ಪ್ರತಿಸಲವೂ ಸೋಮವಾರವೇ ಏಕೆ? ಅಪ್ಪ ಈಗ ನಿವೃತ್ತ. ಗಿಡಗಳಿಗೆ ನೀರು ಹಾಕುತ್ತಿದ್ದ. ಪೈಪು ಕೆಳಗಿಟ್ಟು, ನಿಜಕ್ಕೂ ಗೊಂದಲಗೊಂಡವನಂತೆ ನನ್ನನ್ನು ನೋಡಿದ.

“ಸೋಮವಾರ ಒಂದೇ ಅವಳು ಮನೇಲಿ ಇರ್ತಿದ್ದದ್ದು. ಮತ್ತೆ ಯಾವತ್ತು ಹೇಳ್ಲಿ? ಅವಳು ಬೇಡ ಅಂತ ಯಾವತ್ತಾದ್ರೂ ಹೇಳಿದ್ಲಾ?”

“ಹೇಳಿದ್ಲು ಅಪ್ಪ. ಅಷ್ಟು ಜನರ ಮುಂದೆ.”

“ಒಂದೇ ಸಲ” ಎಂದು ಅಪ್ಪ ಪೈಪು ಎತ್ತಿಕೊಂಡ.

ಇದು ಉತ್ತರವೆಂದು ನಾನು ಒಪ್ಪುವುದಿಲ್ಲ. ಎಷ್ಟು ಸಲ ಹೇಳಬೇಕಿತ್ತು? ನನ್ನ ನೆನಪುಗಳ ಈ ಅಧ್ಯಾಯವನ್ನು ಅವನು ಓದುತ್ತಾನೆ, ಕನ್ನಡವಾದದ್ದರಿಂದ ಖಂಡಿತ ಓದುತ್ತಾನೆ. ಸರೋಜಾ ಆಂಟಿಯೂ ಓದುತ್ತಾರೆ. ಆದ್ದರಿಂದ ಅಮ್ಮ ರಂಗ ಬಿಟ್ಟು ಬಂದ ಮೇಲಿನ ಮೊದಲ ಸೋಮವಾರವನ್ನು ಇಲ್ಲಿ ಬರೆದಿಡುತ್ತೇನೆ. ಅಪ್ಪನಿಗದು ನೆನಪಿರಲಾರದು. ಹೊರಗೆ ಹಿಮ, ಶಾಲೆಗೆ ರಜೆ ಕೊಟ್ಟಿದ್ದರು. ನಾನು, ಅಪ್ಪ, ಅಜ್ಜಿ ಕೆಳಗೆ ತಿಂಡಿಗೆ ಕೂತಿದ್ದೆವು. ರೂಢಿಯಂತೆ ಮೂವರೂ ಚಮಚದ ಸದ್ದಾಗದಂತೆ ತಿನ್ನುತ್ತಿದ್ದೆವು. ಸ್ಲೇಟು ಫ್ರಿಜ್ಜಿನ ಮೇಲಿತ್ತು. ಉಪ್ಪುನೀರಿನ ಪಾತ್ರೆಯನ್ನು ಅಪ್ಪ ಅವತ್ತು ಒಲೆಗೆ ಇಟ್ಟಿರಲಿಲ್ಲ. ಆಗ ಮೆಟ್ಟಿಲ ತುದಿಯಿಂದ ನನ್ನ ಹೆಸರು ಬಂತು.

“ಶಾಲ್ಮಲಾ!”

ಪೂರ್ತಿ ಹೆಸರು, ಸುಟ್ಟ ಊರಿನ ನಡುವೆ ಕೇಳಿದ್ದ ಅದೇ ಏರಿನಲ್ಲಿ ಹೊರಟು, ಮೆಟ್ಟಿಲಿಳಿದು, ಹೊಸ ಮನೆಯ ಖಾಲಿ ಗೋಡೆಗಳನ್ನು ಮುಟ್ಟಿ, ಬಾಯಿ ತೆರೆದೇ ಮುಗಿದ ಹೆಸರು. ಗಂಟಲನ್ನು ಉಳಿಸಿಕೊಳ್ಳುವ ಒಂದಿಷ್ಟೂ ಎಚ್ಚರ ಅದರಲ್ಲಿರಲಿಲ್ಲ. ಎಷ್ಟೋ ಸಂಜೆ ಕೊಳದ ಬಳಿ ನಿಂತು ಬಯಸಿದ್ದು ಅದನ್ನೇ. ಬಂದಾಗ ನಾನು ಚಮಚವನ್ನು ಸದ್ದಾಗದಂತೆ ಕೆಳಗಿಟ್ಟೆ.

“ನೋಡು, ಅಮ್ಮ ಕರೀತಿದಾಳೆ” ಎಂದು ಅಪ್ಪ ನಕ್ಕ. ಅವನಿಗೆ ಸಂತೋಷವಾಗಿತ್ತು.

ಅಜ್ಜಿ ರೊಟ್ಟಿಯನ್ನು ತಟ್ಟೆಗೆ ಹಾಕಿ, ನನ್ನ ಬೆನ್ನ ಮೇಲೆ ಕೈಯಿಟ್ಟಳು. “ಓ ಅನ್ನವಾ. ಕರದ್ರ ಓ ಅನಬೇಕು.”

ನಾನು ಅನ್ನಲಿಲ್ಲ. ಅಂದುಬಿಟ್ಟರೆ ಅವಳು ಮತ್ತೆ ಕರೆಯುತ್ತಿರಲಿಲ್ಲ. ಆ ಧ್ವನಿಯನ್ನು ಇನ್ನೊಂದು ಸಲ ಕೇಳಬೇಕಾಗಿತ್ತು ನನಗೆ. ಉಸಿರು ಹಿಡಿದು, ಮೇಜಿನ ಅಂಚು ಹಿಡಿದು, ಕಾದೆ.